ಚಲಿಸುವ ಚಿತ್ರ, ನುಡಿಯುವ ವಾದ್ಯ, ಮರಳುವ ಬಾಲ್ಯ

ಕಳೆದ ಆಷಾಢದ ಒಂದು ಶನಿವಾರ. ಮುಂಬಯಿಯ ಮಳೆ ಮೂರು ದಿನಗಳಿಂದ ಬಿಡುವು ಕೊಟ್ಟಿರಲಿಲ್ಲ. ಲೋಕಲ್ ಗಾಡಿಗಳು ಅಲ್ಲಲ್ಲಿ ನಿಂತುಹೋಗಿದ್ದುದರಿಂದ ತರಗತಿಗಳಲ್ಲಿ ಅರ್ಧಕ್ಕೂ ಹೆಚ್ಚು ಬೆಂಚುಗಳು ಬರಿದಾಗಿದ್ದವು. ಹೇಗೋ ಬಂದು ಸೇರಿದ್ದ ಮಕ್ಕಳನ್ನು, ಒಂದನೆಯ ಇಯತ್ತೆಯ ಚಿಣ್ಣರಿಂದ ಹಿಡಿದು ಹತ್ತನೆಯ ಇಯತ್ತೆಯ ನಮ್ಮವರೆಗೆ, ಸಭಾಗೃಹದಲ್ಲಿ ಒಟ್ಟಿಗೆ ಕುಳ್ಳಿರಿಸಿ ಚಿತ್ರಕಲೆಯ ಗುರುಗಳು ಬಿಳಿಯ ಪರದೆಯ ಮೇಲೆ ಒಂದು ಚಿತ್ರವನ್ನು ತೋರಿಸಿದರು. ಅದರ ಹೆಸರು 'ದ ಸ್ನೋಮ್ಯಾನ್', ಎಂದರೆ ಹಿಮಮಾನವ. ಇಪ್ಪತ್ತಾರು ನಿಮಿಷಗಳ ಆ ಚಿತ್ರದಲ್ಲಿ ಪಾತ್ರಗಳು ಒಂದು ಮಾತನ್ನೂ ಆಡುವುದಿಲ್ಲ. ಬಣ್ಣದ ಕಡ್ಡಿಗಳಿಂದ ಬರೆದ ಚಿತ್ರಗಳು ಚಲಿಸುತ್ತವೆ, ವಾದ್ಯವೃಂದವು ನುಡಿಯುತ್ತದೆ. ಅಷ್ಟೆ.

ಕತೆಯೂ ಚಿಕ್ಕದೇ. ಒಬ್ಬ ಹುಡುಗ ಬೆಳಿಗ್ಗೆ ಎದ್ದು ನೋಡುವಾಗ ಅಂಗಳವೆಲ್ಲ ಹಿಮದಿಂದ ಬೆಳ್ಳಗಾಗಿರುತ್ತದೆ. ಆತನು ದಿನವಿಡೀ ಶ್ರಮಿಸಿ ಹಿಮದ ಮನುಷ್ಯನೊಬ್ಬನನ್ನು ನಿರ್ಮಿಸುತ್ತಾನೆ. ನಡುರಾತ್ರಿಯಲ್ಲಿ ಆ ಮನುಷ್ಯನಿಗೆ ಜೀವ ಬರುತ್ತದೆ. ಇಬ್ಬರೂ ಮನೆಯೊಳಗೆ ಆಡುತ್ತಾರೆ, ಕೈ ಹಿಡಿದು ಆಕಾಶದಲ್ಲಿ ಹಾರುತ್ತಾರೆ, ದೂರದ ಉತ್ತರ ಧ್ರುವದಲ್ಲಿ ಹಿಮಮಾನವರ ಸಂತೋಷಕೂಟಕ್ಕೆ ಹೋಗಿಬರುತ್ತಾರೆ. ಅಲ್ಲಿ ಕ್ರಿಸ್‌ಮಸ್ ತಾತನು ಹುಡುಗನಿಗೆ ಕುತ್ತಿಗೆಗೆ ಸುತ್ತಿಕೊಳ್ಳುವ ಒಂದು ಮಫ್ಲರನ್ನು ಕೊಡುತ್ತಾನೆ. ಮರುದಿನ ಬೆಳಿಗ್ಗೆ ಬಿಸಿಲು ಬಂದಿರುತ್ತದೆ. ಹುಡುಗ ಅಂಗಳಕ್ಕೆ ಓಡುತ್ತಾನೆ. ಹಿಮಮಾನವನು ಕರಗಿಹೋಗಿದ್ದಾನೆ. ಹುಡುಗನು ಜೇಬಿಗೆ ಕೈಹಾಕಿದರೆ ಆ ಮಫ್ಲರು ಮಾತ್ರ ಉಳಿದಿದೆ.

ದೀಪಗಳು ಹತ್ತಿಕೊಂಡ ಮೇಲೆ ಒಂದನೆಯ ಇಯತ್ತೆಯ ಒಬ್ಬ ಹುಡುಗಿ ನಮ್ಮತ್ತ ತಿರುಗಿ, "ಅಣ್ಣಾ, ಅವನು ಎಲ್ಲಿಗೆ ಹೋದ?" ಎಂದು ಕೇಳಿದಳು. ನಮಗೆ ಉತ್ತರ ತೋಚಲಿಲ್ಲ. ನಮ್ಮೊಳಗೊಬ್ಬನು ಆ ವೇಳೆಗೆ ಸಭಾಗೃಹದಲ್ಲಿಯೇ ಇರಲಿಲ್ಲ. ಹುಡುಕಿಕೊಂಡು ಹೋದಾಗ ಅವನು ಪಡಸಾಲೆಯ ಕೊನೆಯಲ್ಲಿ ಮಳೆಯತ್ತ ಮುಖಮಾಡಿ ನಿಂತಿದ್ದನು. ಕುಂದಾಪುರದ ಕಡೆಯ ಹಳ್ಳಿಯಲ್ಲಿದ್ದ ಅವನ ಅಜ್ಜಿ ಹಿಂದಿನ ಚಳಿಗಾಲದಲ್ಲಿ ತೀರಿಹೋಗಿದ್ದರು. ಪ್ರತಿವರ್ಷ ಮೇ ತಿಂಗಳಲ್ಲಿ ಅವನು ಊರಿಗೆ ಹೋಗುವಾಗ ಬೆಳಿಗ್ಗೆ ಎದ್ದೊಡನೆ ಅಂಗಳಕ್ಕೆ ಓಡುವುದು ರೂಢಿ. ಅಲ್ಲಿ ಅಜ್ಜಿ ಸೆಗಣಿ ಸಾರಿಸುತ್ತ ಏನನ್ನೋ ಗುನುಗುತ್ತಿರುವರು. ಆ ವರ್ಷದ ಮೇ ತಿಂಗಳಲ್ಲಿ ಅವನು ಅಂಗಳಕ್ಕೆ ಓಡಿದಾಗ ಅಲ್ಲಿ ಯಾರೂ ಇರಲಿಲ್ಲ. ಅಜ್ಜಿ ತೀರಿಕೊಂಡ ಸುದ್ದಿ ಬಂದ ದಿನವೂ ಅಳದವನು ಅಂದು ಅತ್ತನು. "ನಾನು ಹಿಮವನ್ನು ಕಂಡವನೇ ಅಲ್ಲ; ಆದರೂ ಆ ಅಂಗಳ ನಮ್ಮದೇ" ಎಂದು ಮಾತ್ರ ಹೇಳಿದನು.

ಅಂದಿನಿಂದ ನಮ್ಮನ್ನು ಒಂದು ಪ್ರಶ್ನೆ ಕಾಡುತ್ತಲಿದೆ. ಇಂಗ್ಲೆಂಡಿನಲ್ಲಿ, ನಾವು ಹುಟ್ಟುವುದಕ್ಕೆ ಎಷ್ಟೋ ವರ್ಷಗಳ ಹಿಂದೆ, 1982ರಲ್ಲಿ ತಯಾರಾದ ಒಂದು ಚಿತ್ರವು ಕುಂದಾಪುರದ ಅಂಗಳವನ್ನು ಮುಂಬಯಿಯ ಹುಡುಗನ ಕಣ್ಣಮುಂದೆ ತಂದು ನಿಲ್ಲಿಸಿದುದು ಹೇಗೆ? ಚಿತ್ರಿಸಿದ ಬಿಂಬವೂ ವಾದ್ಯವೃಂದದ ನಾದವೂ ಜೊತೆಗೂಡಿದಾಗ ಬಾಲ್ಯದ ಸ್ಮೃತಿಯನ್ನು ಎಬ್ಬಿಸುವ ಶಕ್ತಿ ಅವುಗಳಿಗೆ ಎಲ್ಲಿಂದ ಬರುತ್ತದೆ? ಈ ವಿಷಯದಲ್ಲಿ ನಮ್ಮ ಅಭಿಪ್ರಾಯವನ್ನು ಸಹಪಾಠಿಗಳ ಮುಂದಿಡುವುದೇ ಈ ಲೇಖನದ ಉದ್ದೇಶ. ಆ ಶಕ್ತಿ ಇರುವುದು ಅವು ತೋರಿಸುವುದರಲ್ಲಿ ಅಲ್ಲ, ನಮಗಾಗಿ ಬರಿದಾಗಿ ಬಿಡುವ ಸ್ಥಳದಲ್ಲಿ; ಆ ಸ್ಥಳವನ್ನು ತುಂಬಲು ನಮ್ಮಲ್ಲಿ ನಮ್ಮದೇ ಆದ ನೆನಪು ಇರಬೇಕು; ಅದನ್ನು ಈಗಲೇ ಕೂಡಿಟ್ಟುಕೊಳ್ಳುವುದು ನಮ್ಮ ಕರ್ತವ್ಯ. ಇದೇ ನಮ್ಮ ಮತ.

ಮೊದಲು ಚಿತ್ರದ ಮಾತು. ಚಲಚ್ಚಿತ್ರವೆಂದರೆ ಒಂದು ಸೆಕೆಂಡಿಗೆ 24 ಸ್ಥಿರಚಿತ್ರಗಳು ಕಣ್ಣಮುಂದೆ ಹಾದುಹೋಗುವುದು. ಸಾಮಾನ್ಯ ಸಿನೆಮಾದಲ್ಲಿ ಈ ಚಿತ್ರಗಳನ್ನು ಕ್ಯಾಮರಾ ಹಿಡಿಯುತ್ತದೆ. ಆ್ಯನಿಮೇಷನ್ ಎಂಬ ಕಲೆಯಲ್ಲಿಯಾದರೋ ಪ್ರತಿಯೊಂದನ್ನೂ ಮನುಷ್ಯನ ಕೈ ರಚಿಸಬೇಕಾಗುತ್ತದೆ. ಕ್ಯಾಮರಾ ಎದುರಿಗಿದ್ದುದನ್ನೆಲ್ಲ ಹಿಡಿದುಬಿಡುತ್ತದೆ. ಬೇಕಾದುದರ ಜೊತೆಗೆ ಬೇಡವಾದುದೂ ಬರುತ್ತದೆ. ಬರೆಯುವ ಕೈ ಹಾಗಲ್ಲ. ಅದು ಆರಿಸಿದುದು ಮಾತ್ರ ಹಾಳೆಯ ಮೇಲೆ ಮೂಡುತ್ತದೆ. ನಮ್ಮ ನೆನಪಿನ ರೀತಿಯೂ ಇದೇ ಅಲ್ಲವೇ? ಚಿಕ್ಕಂದಿನ ಮನೆಯನ್ನು ನೆನೆದರೆ ಗೋಡೆಗಳೆಲ್ಲ ಕಾಣುವುದಿಲ್ಲ. ಒಂದು ಕಿಟಕಿ, ಒಂದು ಹಿತ್ತಾಳೆಯ ತಂಬಿಗೆ, ಹೊಸ್ತಿಲ ಮೇಲಿನ ರಂಗವಲ್ಲಿಯ ಒಂದು ಎಳೆ, ಇಷ್ಟೇ ಕಾಣುತ್ತವೆ. ಉಳಿದುದೆಲ್ಲ ಮಸಕು. ಅಲ್ಲದೆ ಛಾಯಾಚಿತ್ರದಲ್ಲಿರುವ ಹುಡುಗ ಯಾವನೋ ಒಬ್ಬ ನಿರ್ದಿಷ್ಟ ಹುಡುಗ. ನಾಲ್ಕು ಗೆರೆಗಳಲ್ಲಿ ಬರೆದ ಹುಡುಗನು ಯಾರಾದರೂ ಆಗಬಲ್ಲನು. ಆದುದರಿಂದ ನಾವೂ ಆಗಬಲ್ಲನು.

'ಹಿಮಮಾನವ'ದ ಚಿತ್ರಕಾರರು ಇದನ್ನು ಚೆನ್ನಾಗಿ ಅರಿತಿದ್ದರು. ಮೂಲ ಪುಸ್ತಕವನ್ನು ರೇಮಂಡ್ ಬ್ರಿಗ್ಸ್ ಎಂಬವರು 1978ರಲ್ಲಿ ಒಂದೂ ಮಾತಿಲ್ಲದೆ ಕೇವಲ ಬಣ್ಣದ ಪೆನ್ಸಿಲಿನ ಚಿತ್ರಗಳಲ್ಲಿ ರಚಿಸಿದ್ದರು. ಡಯಾನ್ ಜ್ಯಾಕ್ಸನ್ ಎಂಬ ಮಹಿಳೆಯ ನಿರ್ದೇಶನದಲ್ಲಿ ಅದನ್ನು ಚಿತ್ರವಾಗಿಸುವಾಗ ಆ ಪೆನ್ಸಿಲಿನ ಒರಟುತನವನ್ನು ಕಳೆಯದೆ ಉಳಿಸಿಕೊಂಡರು. ಒಂದು ಚಿತ್ರದಿಂದ ಮತ್ತೊಂದಕ್ಕೆ ಬಣ್ಣದ ಗೀರುಗಳು ಸ್ವಲ್ಪ ಸ್ವಲ್ಪ ಬದಲಾಗುವುದರಿಂದ ಪರದೆಯ ಮೇಲೆ ಎಲ್ಲವೂ ಒಂದಿಷ್ಟು ನಡುಗುತ್ತಿರುವಂತೆ ತೋರುತ್ತದೆ. ಅಚ್ಚುಕಟ್ಟಾದ, ನಯವಾದ ಚಿತ್ರದಲ್ಲಿ ಈ ನಡುಕವಿರುವುದಿಲ್ಲ. ಸ್ಮೃತಿಯು ಸ್ಥಿರವಾಗಿ ನಿಲ್ಲುವ ವಸ್ತುವಲ್ಲವೆಂಬುದನ್ನು ಆ ನಡುಗುವ ಗೀರುಗಳು ಹೇಳುತ್ತವೆ.

ಇನ್ನು ಸಂಗೀತ. ಮಾತು ಯಾವುದನ್ನು ಮುಟ್ಟಿದರೂ ಅದಕ್ಕೊಂದು ಹೆಸರನ್ನಿಡುತ್ತದೆ. 'ದುಃಖ' ಎಂದು ನುಡಿದೊಡನೆ ಯಾರ ದುಃಖ, ಏಕೆ ದುಃಖ ಎಂಬ ಪ್ರಶ್ನೆಗಳು ಹುಟ್ಟುತ್ತವೆ. ಪಿಟೀಲುಗಳು ಒಟ್ಟಾಗಿ ಮೆಲ್ಲನೆ ಒಂದು ಸ್ವರವನ್ನು ಎಳೆದಾಗ ಅವು ಯಾರ ಹೆಸರನ್ನೂ ಹೇಳುವುದಿಲ್ಲ. ಕೇಳುವವನು ತನ್ನ ಹೆಸರನ್ನು ಅಲ್ಲಿ ಬರೆದುಕೊಳ್ಳಬಹುದು. ಹೋವರ್ಡ್ ಬ್ಲೇಕ್ ಎಂಬ ಸಂಗೀತಕಾರರು 'ಹಿಮಮಾನವ'ಕ್ಕಾಗಿ ರಚಿಸಿದ ವಾದ್ಯಸಂಗೀತವು ಮೊದಲಿಂದ ಕೊನೆಯವರೆಗೆ ಮಾತಿನ ಕೆಲಸವನ್ನು ತಾನೇ ಹೊತ್ತಿದೆ. ನಡುವೆ ಇಬ್ಬರೂ ಹಾರುವ ವೇಳೆಯಲ್ಲಿ ಮಾತ್ರ ಒಂದು ಹಾಡು ಬರುತ್ತದೆ. ಅದನ್ನು ಹಾಡಿದವನು ಲಂಡನ್ನಿನ ಸೇಂಟ್ ಪಾಲ್ಸ್ ದೇವಾಲಯದ ಗಾಯಕ ಬಾಲಕನಾಗಿದ್ದ ಪೀಟರ್ ಆಟಿ. ಚಿತ್ರದ ಕೊನೆಯಲ್ಲಿ ಹುಡುಗನು ಕರಗಿದ ಹಿಮದ ಮುಂದೆ ಮೊಣಕಾಲೂರಿ ಕುಳಿತಾಗ ವಾದ್ಯಗಳು ಗೋಳಿಡುವುದಿಲ್ಲ, ಅಬ್ಬರಿಸುವುದಿಲ್ಲ. ನಮ್ಮ ಗೆಳೆಯನು ತನ್ನ ಅಂಗಳಕ್ಕೆ ಹೋದುದು ಆ ಶಾಂತಿಯಲ್ಲಿಯೇ.

ಇಲ್ಲಿ ಒಂದು ಸಂಗತಿಯನ್ನು ನೆನೆಯಬೇಕು. ಬ್ರಿಗ್ಸ್ ಅವರ ತಂದೆ ತಾಯಿಗಳಿಬ್ಬರೂ 1971ರಲ್ಲಿ ತೀರಿಹೋದರು. 1973ರಲ್ಲಿ ಪತ್ನಿಯೂ ಅಗಲಿದರು. ಹಿಮಮಾನವನ ಪುಸ್ತಕ ಬಂದುದು ಅದಾದ ಐದು ವರ್ಷಗಳ ಬಳಿಕ. ಚಿತ್ರದಲ್ಲಿರುವ ಉತ್ತರ ಧ್ರುವದ ಪ್ರಯಾಣವಾಗಲಿ ಕ್ರಿಸ್‌ಮಸ್ ತಾತನಾಗಲಿ ಆ ಪುಸ್ತಕದಲ್ಲಿ ಇಲ್ಲ; ಮಫ್ಲರಿನ ಉಡುಗೊರೆಯೂ ಇಲ್ಲ. ಅವು ಚಿತ್ರಕ್ಕಾಗಿ ಸೇರಿದುವು. ಆದರೆ ಕರಗುವುದು ಮಾತ್ರ ಎರಡರಲ್ಲಿಯೂ ಇದೆ. ಮಕ್ಕಳಿಗೆ ಸಿಹಿಯನ್ನಷ್ಟೇ ಕೊಡಬೇಕೆಂಬವರು ಆ ಕೊನೆಯನ್ನು ತೆಗೆದುಹಾಕುತ್ತಿದ್ದರು. ತೆಗೆದಿದ್ದರೆ ಅಂದು ನಮ್ಮ ಗೆಳೆಯನಿಗೆ ಅಲ್ಲಿ ಸ್ಥಳವಿರುತ್ತಿರಲಿಲ್ಲ.

ಬಿಂಬವನ್ನೂ ನಾದವನ್ನೂ ಬೆಸೆಯುವ ಈ ಸಾಹಸ ಹೊಸತೇನಲ್ಲ. 1928ರ ನವೆಂಬರದಲ್ಲಿ ವಾಲ್ಟ್ ಡಿಸ್ನಿಯವರ 'ಸ್ಟೀಮ್‌ಬೋಟ್ ವಿಲ್ಲಿ' ಎಂಬ ಚಿತ್ರದಲ್ಲಿ ಮಿಕ್ಕಿ ಮೌಸನ ಚಲನೆಗೂ ಸಂಗೀತಕ್ಕೂ ಕರಾರುವಾಕ್ಕಾದ ಹೊಂದಾಣಿಕೆಯನ್ನು ಕಂಡು ಜನ ಬೆರಗಾದರು. ಹನ್ನೆರಡು ವರ್ಷಗಳ ಮೇಲೆ, 1940ರಲ್ಲಿ, ಅದೇ ಸಂಸ್ಥೆಯಿಂದ 'ಫ್ಯಾಂಟಾಸಿಯಾ' ಹೊರಬಂದಿತು. ಅದರಲ್ಲಿ ಕ್ರಮವೇ ತಿರುವುಮುರುವು. ಚಿತ್ರಕ್ಕಾಗಿ ಸಂಗೀತವನ್ನು ರಚಿಸದೆ, ಬಾಕ್, ಬೀಥೋವನ್, ಚೈಕೋವ್‌ಸ್ಕಿ ಮೊದಲಾದ ಮಹಾರಚನಕಾರರ ಕೃತಿಗಳಿಗಾಗಿ ಚಿತ್ರಗಳನ್ನು ರಚಿಸಿದರು. ಲಿಯೊಪೋಲ್ಡ್ ಸ್ಟೊಕೊವ್‌ಸ್ಕಿಯವರು ವಾದ್ಯವೃಂದವನ್ನು ನಡೆಸಿದರು. ಆ ಚಿತ್ರಕ್ಕೆ ಮೊದಲಲ್ಲಿ ಹಾಕಿದ ಹಣವೂ ಹುಟ್ಟಲಿಲ್ಲ. ಆದರೆ ಮುಂದಿನ ತಲೆಮಾರುಗಳಲ್ಲಿ ಅನೇಕರು ಶಾಸ್ತ್ರೀಯ ಸಂಗೀತವನ್ನು ಮೊತ್ತಮೊದಲು ಕೇಳಿದುದು ಮಿಕ್ಕಿಯು ಪೊರಕೆಗಳಿಂದ ನೀರು ಹೊರಿಸುವ ಆ ಭಾಗದಲ್ಲಿಯೇ. ಅದು ಪಾಲ್ ಡ್ಯೂಕಾ ಎಂಬ ಫ್ರೆಂಚ್ ಸಂಗೀತಕಾರರ 1897ರ ಕೃತಿ.

ರಷ್ಯದ ಪ್ರೊಕೊಫಿಯೆವ್ ಅವರು 1936ರಲ್ಲಿ ಮಕ್ಕಳಿಗಾಗಿ ರಚಿಸಿದ 'ಪೀಟರ್ ಮತ್ತು ತೋಳ' ಎಂಬ ಕೃತಿಯ ಮಾತನ್ನೂ ಹೇಳಲೇಬೇಕು. ಅದರಲ್ಲಿ ಒಂದೊಂದು ಪಾತ್ರಕ್ಕೆ ಒಂದೊಂದು ವಾದ್ಯ. ಹಕ್ಕಿಗೆ ಕೊಳಲು, ಬಾತುಕೋಳಿಗೆ ಓಬೋ, ಬೆಕ್ಕಿಗೆ ಕ್ಲಾರಿನೆಟ್, ಗೊಣಗುವ ತಾತನಿಗೆ ದಪ್ಪ ದನಿಯ ಬಸೂನ್, ತೋಳಕ್ಕೆ ಮೂರು ಫ್ರೆಂಚ್ ಹಾರ್ನ್‌ಗಳು, ಬಾಲಕ ಪೀಟರನಿಗೆ ತಂತಿವಾದ್ಯಗಳ ಸಮೂಹ. ಕಣ್ಣು ಮುಚ್ಚಿ ಕೇಳಿದರೂ ಕತೆ ಕಾಣುತ್ತದೆ. ಇದನ್ನು ಡಿಸ್ನಿಯವರು 1946ರಲ್ಲಿ ಚಿತ್ರವಾಗಿಸಿದರು. 2006ರಲ್ಲಿ ಸೂಸಿ ಟೆಂಪಲ್ಟನ್ ಎಂಬವರು ಗೊಂಬೆಗಳನ್ನು ಕೂದಲೆಳೆಯಷ್ಟು ಕದಲಿಸುತ್ತ ಕದಲಿಸುತ್ತ ಚಿತ್ರ ಹಿಡಿಯುವ ವಿಧಾನದಿಂದ ಮತ್ತೆ ನಿರ್ಮಿಸಿ, ನಿರೂಪಕನ ಮಾತನ್ನೂ ತೆಗೆದುಹಾಕಿ, ವಾದ್ಯಗಳಿಗೇ ಎಲ್ಲವನ್ನೂ ಒಪ್ಪಿಸಿದರು. ಅದಕ್ಕೆ ಆಸ್ಕರ್ ಪ್ರಶಸ್ತಿಯೂ ಬಂದಿತು.

ಜಪಾನಿನ ಒಂದು ಉದಾಹರಣೆಯು ಇನ್ನೂ ಬೋಧಪ್ರದವಾಗಿದೆ. ಹಯಾವೊ ಮಿಯಾಜಾಕಿಯವರು ನಿರ್ದೇಶಿಸಿದ 'ನನ್ನ ನೆರೆಯ ಟೊಟೊರೊ' ಎಂಬ ಚಿತ್ರ 1988ರಲ್ಲಿ ಬಂದಿತು. ಸಂಗೀತ ಜೋ ಹಿಸಾಯಿಶಿಯವರದು. ಕತೆ ನಡೆಯುವುದು 1950ರ ದಶಕದ ಜಪಾನಿನ ಹಳ್ಳಿಯೊಂದರಲ್ಲಿ. ತಾಯಿ ರೋಗದಿಂದ ಆಸ್ಪತ್ರೆಯಲ್ಲಿದ್ದಾಳೆ. ಇಬ್ಬರು ಚಿಕ್ಕ ಹುಡುಗಿಯರು ತಂದೆಯೊಡನೆ ಹಳೆಯ ಮನೆಯೊಂದಕ್ಕೆ ಬರುತ್ತಾರೆ. ಪಕ್ಕದ ಕಾಡಿನಲ್ಲಿ ಟೊಟೊರೊ ಎಂಬ ದೊಡ್ಡ ಪ್ರಾಣಿಯ ಗೆಳೆತನವಾಗುತ್ತದೆ. ಮಿಯಾಜಾಕಿಯವರ ತಾಯಿಯೂ ಕ್ಷಯರೋಗದಿಂದ ವರ್ಷಗಟ್ಟಲೆ ಹಾಸಿಗೆ ಹಿಡಿದಿದ್ದವರು. ಚಿತ್ರದಲ್ಲಿ ಮಳೆಯ ರಾತ್ರಿ ಬಸ್ಸಿನ ನಿಲ್ದಾಣದ ಒಂದು ದೃಶ್ಯವಿದೆ. ಅಕ್ಕನು ತಂಗಿಯನ್ನು ಬೆನ್ನ ಮೇಲೆ ಹೊತ್ತು, ಕೊಡೆ ಹಿಡಿದು, ತಂದೆಯ ದಾರಿ ಕಾಯುತ್ತಿದ್ದಾಳೆ. ಪಕ್ಕದಲ್ಲಿ ಟೊಟೊರೊ ಬಂದು ನಿಲ್ಲುತ್ತದೆ. ಅದಕ್ಕೂ ಒಂದು ಕೊಡೆ ಸಿಗುತ್ತದೆ. ಕೊಡೆಯ ಮೇಲೆ ಬೀಳುವ ಹನಿಗಳ ಟಪ್ ಟಪ್ ಸದ್ದನ್ನು ಕೇಳಿ ಅದಕ್ಕೆ ಅಪಾರ ಸಂತೋಷ. ಅಲ್ಲಿ ಸಂಗೀತವು ಮಳೆಯ ಸದ್ದಿಗೆ ಎಡೆಗೊಟ್ಟು ಹಿಂದೆ ಸರಿದು ನಿಲ್ಲುತ್ತದೆ. ಮಳೆಗಾಲದಲ್ಲಿ ಬೆಸ್ಟ್ ಬಸ್ಸಿಗಾಗಿ ಕಾದು ನಿಂತ ನಮ್ಮಲ್ಲಿ ಯಾರಿಗೆ ಆ ಸದ್ದು ಪರಕೀಯ?

2008ರ ಆಗಸ್ಟಿನಲ್ಲಿ ಟೋಕಿಯೋ ನಗರದ ಬುಡೊಕಾನ್ ಸಭಾಂಗಣದಲ್ಲಿ ಹಿಸಾಯಿಶಿಯವರು ಮಿಯಾಜಾಕಿಯವರ ಚಿತ್ರಗಳಿಗೆ ತಾವು ರಚಿಸಿದ ಸಂಗೀತವನ್ನು ನುಡಿಸುವ ದೊಡ್ಡ ಕಾರ್ಯಕ್ರಮವನ್ನು ನಡೆಸಿದರು. ಸುಮಾರು 200 ಮಂದಿ ವಾದ್ಯಗಾರರು, ಸುಮಾರು 800 ಮಂದಿ ಗಾಯಕರು. ಮೇಲೆ ದೊಡ್ಡ ಪರದೆಯಲ್ಲಿ ಚಿತ್ರಗಳ ದೃಶ್ಯಗಳು. ಸಭಿಕರಲ್ಲಿ ಅನೇಕರು ಆ ಚಿತ್ರಗಳನ್ನು ಮಕ್ಕಳಾಗಿದ್ದಾಗ ಕಂಡು ಈಗ ದೊಡ್ಡವರಾದವರು. ಅವರು ಅಲ್ಲಿಗೆ ಬಂದುದು ಸಂಗೀತವನ್ನು ಕೇಳಲು ಮಾತ್ರವೇ ಎಂದು ನಾವು ತಿಳಿಯಲಾರೆವು. ಟೊಟೊರೊ ಚಿತ್ರವು ಹುಟ್ಟಿಸಿದ ಸ್ಮೃತಿಯು ಕಣ್ಣೀರಿನಲ್ಲಿಯೇ ಮುಗಿಯಲೂ ಇಲ್ಲ. ಆ ಚಿತ್ರದ ಕಾಡಿಗೆ ಪ್ರೇರಣೆಯಾದ, ಟೋಕಿಯೋ ಹತ್ತಿರದ ಸಯಾಮಾ ಗುಡ್ಡಗಳ ಅರಣ್ಯವು ನಗರದ ಬಾಯಿಗೆ ಬೀಳುವ ಸಂಭವವಿತ್ತು. 1990ರಲ್ಲಿ ಟೊಟೊರೊ ಹೆಸರಿನಲ್ಲಿ ಒಂದು ನಿಧಿಯನ್ನು ಸ್ಥಾಪಿಸಿ, ಜನರ ಕಾಣಿಕೆಯಿಂದ ಆ ಕಾಡನ್ನು ತುಂಡು ತುಂಡಾಗಿ ಕೊಂಡು ಉಳಿಸುತ್ತ ಬಂದರು. ಸ್ಮೃತಿಯು ಒಂದು ಕಾಡನ್ನು ಕಾಯಬಲ್ಲುದೆಂಬುದಕ್ಕೆ ಬೇರೆ ಸಾಕ್ಷಿ ಬೇಕೇ?

ನಮ್ಮ ದೇಶದ ಮಾತೇನು ಎಂದು ಕೆಲವರು ಕೇಳಬಹುದು. ದೂರ ಹೋಗಬೇಕಾಗಿಲ್ಲ. ನಮ್ಮ ನಗರದ ಪೆಡ್ಡರ್ ರಸ್ತೆಯಲ್ಲಿದ್ದ ಫಿಲ್ಮ್ಸ್ ಡಿವಿಜನ್ ಎಂಬ ಸರಕಾರಿ ಸಂಸ್ಥೆಯು 1956ರಲ್ಲಿ ಕಾರ್ಟೂನ್ ವಿಭಾಗವೊಂದನ್ನು ತೆರೆದು, ಮರುವರ್ಷವೇ ಜಾತಕ ಕತೆಯೊಂದನ್ನು ಆಧರಿಸಿ 'ದ ಬ್ಯಾನಿಯನ್ ಡೀರ್' ಎಂಬ ಚಿತ್ರವನ್ನು ನಿರ್ಮಿಸಿತು. 1974ರಲ್ಲಿ ಅದೇ ಸಂಸ್ಥೆಯಿಂದ 'ಏಕ್ ಅನೇಕ್ ಔರ್ ಏಕತಾ' ಬಂದಿತು. ವಿಜಯಾ ಮುಳೆಯವರ ಕಲ್ಪನೆ, ಭೀಮಸೇನರ ಚಿತ್ರಗಳು, ವಸಂತ ದೇಸಾಯಿಯವರ ಸಂಗೀತ. ಹಕ್ಕಿಗಳು ಒಗ್ಗಟ್ಟಾಗಿ ಬೇಡನ ಬಲೆಯನ್ನೇ ಹೊತ್ತು ಹಾರಿಹೋಗುವ ಹಳೆಯ ಕತೆ. ದೂರದರ್ಶನದಲ್ಲಿ ಅದನ್ನು ಮತ್ತೆ ಮತ್ತೆ ಕಂಡ ನಮ್ಮ ಪಾಲಕರ ಮುಂದೆ ಈಗಲೂ ಆ ರಾಗವನ್ನು ಗುನುಗಿ ನೋಡಿರಿ. ಕಚೇರಿಯಿಂದ ದಣಿದು ಬಂದ ತಂದೆಯವರ ಮುಖ ಒಮ್ಮೆಗೇ ಹತ್ತು ವರ್ಷದ ಬಾಲಕನ ಮುಖವಾಗುವುದು. ಹಾಗೆಯೇ ಆಗುಂಬೆಯಲ್ಲಿ ಶಂಕರನಾಗರು ಚಿತ್ರಿಸಿದ 'ಮಾಲ್ಗುಡಿ ಡೇಸ್' ಧಾರಾವಾಹಿಯ ಆರಂಭದಲ್ಲಿ ಆರ್. ಕೆ. ಲಕ್ಷ್ಮಣರ ರೇಖೆಗಳೂ ಎಲ್. ವೈದ್ಯನಾಥನ್ನರ ರಾಗವೂ ಕೂಡಿದ ಆ ಸ್ವಲ್ಪ ಹೊತ್ತು! ಅದು ಕಾರ್ಟೂನ್ ಚಿತ್ರವಲ್ಲ; ಆದರೂ ಬರೆದ ಗೆರೆ ಮತ್ತು ವಾದ್ಯದ ನಾದ ಇವೆರಡರ ಸಂಬಂಧ ಎಷ್ಟು ಹತ್ತಿರದ್ದೆಂಬುದನ್ನು ಅದು ತೋರಿಸಿಕೊಡುತ್ತದೆ.

ಇನ್ನೂ ಹಿಂದಕ್ಕೆ ಹೋದರೆ ಕನ್ನಡ ನಾಡಿನಲ್ಲಿ ತೊಗಲುಗೊಂಬೆಯಾಟ ಉಂಟು. ಬಣ್ಣ ಹಾಕಿದ ತೊಗಲಿನ ಚಿತ್ರ, ಹಿಂದೊಂದು ದೀಪ, ಮುಂದೊಂದು ಬಿಳಿಯ ಪರದೆ, ಪಕ್ಕದಲ್ಲಿ ಮುಖವೀಣೆ, ಮೃದಂಗ, ತಾಳ. ರಾತ್ರಿಯೆಲ್ಲ ರಾಮಾಯಣ ಭಾರತಗಳ ಕತೆ. ಯಂತ್ರವು ಬರುವುದಕ್ಕೆ ಎಷ್ಟೋ ಮೊದಲೇ ನಮ್ಮ ಹಿರಿಯರು ಚಲಿಸುವ ಚಿತ್ರಕ್ಕೆ ವಾದ್ಯವನ್ನು ಜೊತೆಗೂಡಿಸಿದ್ದರು.

ನಮ್ಮ ಮತಕ್ಕೆ ಎದುರಾಗಿ ಬರಬಹುದಾದ ಆಕ್ಷೇಪಗಳನ್ನು ಈಗ ಪರಿಶೀಲಿಸೋಣ. ಮೊದಲನೆಯದು: ಇಂಪಾದ ಪಿಟೀಲುಗಳನ್ನು ನುಡಿಸಿ ಕಣ್ಣೀರು ತರಿಸುವುದು ಒಂದು ಹೂಟವಲ್ಲವೇ, ಎಂಬುದು. ಈ ಆಕ್ಷೇಪದಲ್ಲಿ ಸತ್ಯಾಂಶವುಂಟು. ಟೆಲಿವಿಷನ್ನಿನಲ್ಲಿಯೂ ಮೊಬೈಲಿನಲ್ಲಿಯೂ ಹಗಲಿರುಳು ಹರಿದುಬರುವ ಎಷ್ಟೋ ಕಾರ್ಟೂನುಗಳಲ್ಲಿ ಸಂಗೀತವು ಒಂದು ಕ್ಷಣವೂ ಸುಮ್ಮನಿರುವುದಿಲ್ಲ. ಪಾತ್ರ ಹೆಜ್ಜೆಯಿಟ್ಟರೆ ಹೆಜ್ಜೆಗೊಂದು ಪೆಟ್ಟು, ಬಿದ್ದರೆ ಒಂದು ಅಬ್ಬರ, ನಕ್ಕರೆ ಒಂದು ಕಿಂಕಿಣಿ. ಚಲನೆಯನ್ನು ಹೀಗೆ ವಾದ್ಯದಿಂದ ಅಣಕಿಸುವುದಕ್ಕೆ ಆ ಕಸುಬಿನವರು 'ಮಿಕ್ಕಿಮೌಸಿಂಗ್' ಎಂದೇ ಹೆಸರಿಟ್ಟಿದ್ದಾರೆ. ಹಾಸ್ಯಕ್ಕೆ ಅದು ಒದಗುತ್ತದೆ. ಆದರೆ ಎಲ್ಲವನ್ನೂ ಅದೇ ಹೇಳಿಬಿಟ್ಟರೆ ನೋಡುವವನ ಮನಸ್ಸಿಗೆ ಮಾಡಲು ಏನು ಉಳಿಯಿತು? ಹೂಟಕ್ಕೂ ಕಲೆಗೂ ಇರುವ ವ್ಯತ್ಯಾಸವನ್ನು ತಿಳಿಯಲು ಒಂದು ಸುಲಭ ಪರೀಕ್ಷೆಯುಂಟು. ಚಿತ್ರ ಮುಗಿದ ಮೇಲೆ ನಮಗೆ ಆ ಚಿತ್ರದ ಹುಡುಗನೇ ನೆನಪಾದರೆ ಅದು ಒಳ್ಳೆಯ ಮನರಂಜನೆ. ನಮ್ಮದೇ ಅಂಗಳ ನೆನಪಾದರೆ ಅದು ಕಲೆ. ಏನೂ ನೆನಪಾಗದೆ ಮುಂದಿನ ಚಿತ್ರಕ್ಕೆ ಬೆರಳು ಹೋದರೆ ಅದು ಬರಿಯ ಸದ್ದು.

ಎರಡನೆಯ ಆಕ್ಷೇಪ: ಪಾಶ್ಚಾತ್ಯರ ವಾದ್ಯವೃಂದ ನಮ್ಮದಲ್ಲ, ನಮ್ಮದು ರಾಗಸಂಗೀತ, ಎಂಬುದು. ಈ ಮಾತನ್ನು ನಾವು ಒಪ್ಪುವುದಿಲ್ಲ. ಪಿಟೀಲು ಹೊರಗಿನಿಂದ ಬಂದು ಕರ್ನಾಟಕ ಸಂಗೀತದ ಮನೆಮಗಳಾಗಿದೆ. ಹಾರ್ಮೋನಿಯಂ ನಮ್ಮ ನಾಟಕ ಕಂಪನಿಗಳ ಜೀವವೇ ಆಗಿತ್ತು. ಕನ್ನಡ ಚಿತ್ರಗೀತೆಗಳಲ್ಲಿ ವಾದ್ಯವೃಂದವನ್ನು ಕೇಳಿಯೇ ನಾವೆಲ್ಲ ಬೆಳೆದಿದ್ದೇವೆ. ಕೇಳಬೇಕಾದ ಪ್ರಶ್ನೆ ವಾದ್ಯ ಯಾರದ್ದೆಂದಲ್ಲ. ಅದು ಯಾರ ನೆನಪನ್ನು ನುಡಿಸುತ್ತಿದೆ ಎಂದು. ಯಕ್ಷಗಾನದ ಚೆಂಡೆಯ ಮೊದಲ ಪೆಟ್ಟಿಗೆ ಕರಾವಳಿಯ ನಮ್ಮ ಸಹಪಾಠಿಗಳ ಮೈ ನವಿರೇಳುವುದನ್ನೂ, ಡೊಳ್ಳಿನ ಸದ್ದು ಕೇಳಿದರೆ ವಿಜಾಪುರ ಕಲಬುರ್ಗಿಗಳ ಕಡೆಯವರ ಕಾಲು ತಾನೇ ಕುಣಿಯುವುದನ್ನೂ ನಾವು ಶಾಲೆಯ ವಾರ್ಷಿಕೋತ್ಸವದಲ್ಲಿ ಪ್ರತಿವರ್ಷವೂ ಕಾಣುತ್ತೇವೆ.

ಮೂರನೆಯದು ನಮ್ಮ ಕೆಲವು ಗೆಳೆಯರದೇ ಆಕ್ಷೇಪ: "ಬಾಲ್ಯದ ನೆನಪು ಮುದುಕರ ಕೆಲಸ, ನಮಗೇಕೆ ಅದು?" ಎಂದು. ಇದಕ್ಕೆ ಸ್ವಲ್ಪ ದೀರ್ಘವಾಗಿ ಉತ್ತರ ಹೇಳಬೇಕಾಗಿದೆ. ಬಾಲ್ಯವು ಕಳೆದ ಮೇಲೆಯೇ ಅದು ಬಾಲ್ಯವಾಗಿತ್ತೆಂದು ತಿಳಿಯುವುದು. ನಮ್ಮ ಗೆಳೆಯನನ್ನು ನಾವು ಅಂದು ಕೇಳಿದೆವು: "ಅಜ್ಜಿ ಗುನುಗುತ್ತಿದ್ದ ಹಾಡು ಯಾವುದು?" ಅವನಿಗೆ ರಾಗದ ಒಂದು ತುಣುಕು ಮಾತ್ರ ನೆನಪಿತ್ತು. ಮಾತುಗಳಾವುವೂ ನೆನಪಿರಲಿಲ್ಲ. ಅವನ ತಾಯಿಗೂ ಪೂರ್ತಿಯಾಗಿ ಬಾರದು. ಎಷ್ಟೋ ಬೇಸಗೆಗಳಲ್ಲಿ ಕೇಳಿದ ಹಾಡು ಒಬ್ಬರ ಉಸಿರಿನೊಡನೆ ಹೊರಟುಹೋಯಿತು. ಅವನ ಜೇಬಿನಲ್ಲಿ ಮಫ್ಲರೂ ಉಳಿಯಲಿಲ್ಲ.

ಈ ನಷ್ಟ ಅವನೊಬ್ಬನದಲ್ಲ. ನಾವು ಈ ಮಹಾನಗರದಲ್ಲಿ ಮನೆಯಲ್ಲಿ ಒಂದು, ಬೀದಿಯಲ್ಲಿ ಒಂದು, ಪೇಟೆಯಲ್ಲಿ ಇನ್ನೊಂದು ಭಾಷೆಯನ್ನು ಆಡುವವರು. ಒಬ್ಬನ ಅಜ್ಜಿಯ ಕನ್ನಡ ಕುಂದಾಪುರದ್ದು, ಮತ್ತೊಬ್ಬಳ ಅಜ್ಜಿಯದು ಧಾರವಾಡದ್ದು. ಕೆಲವರ ಅಜ್ಜಿಯರು ತುಳುವಿನಲ್ಲಿಯೋ ಕೊಂಕಣಿಯಲ್ಲಿಯೋ ತೂಗಿದವರು. ಈ ಊರಿನಲ್ಲಿ ಒಂದು ಕಾಲಕ್ಕೆ ಕನ್ನಡ ಶಾಲೆಗಳು, ಅದರಲ್ಲಿಯೂ ಹೋಟೆಲುಗಳಲ್ಲಿ ದುಡಿಯುವ ಹುಡುಗರಿಗಾಗಿ ತೆರೆದ ರಾತ್ರಿಶಾಲೆಗಳು, ಎಷ್ಟೋ ಇದ್ದವು. ಅವುಗಳಲ್ಲಿ ಅನೇಕವು ಈಗಾಗಲೇ ಮುಚ್ಚಿವೆ. ನಮ್ಮ ತರಗತಿಯ ಬೆಂಚುಗಳು ಬರಿದಾಗಿ ಕಂಡಾಗಲೆಲ್ಲ ಅದು ಮಳೆಯ ಕಾರಣದಿಂದ ಮಾತ್ರವೆಂದು ನಂಬಲು ನಾವು ಬಯಸುತ್ತೇವೆ. ಇಂತಹ ಸ್ಥಿತಿಯಲ್ಲಿರುವ ಮಕ್ಕಳು ಇಂಗ್ಲೆಂಡಿನ, ಜಪಾನಿನ ಬಾಲ್ಯಗಳನ್ನು ಪರದೆಯ ಮೇಲೆ ನೋಡಿ ಆನಂದಿಸುವುದು ತಪ್ಪಲ್ಲ, ಅಗತ್ಯವಾಗಿ ನೋಡಬೇಕು. ಆದರೆ ಆ ಚಿತ್ರಗಳು ಬಿಟ್ಟುಕೊಡುವ ಬರಿದಾದ ಸ್ಥಳದಲ್ಲಿ ಇಡಲು ನಮ್ಮ ಬಳಿ ಏನೂ ಇಲ್ಲದಿದ್ದರೆ ಆ ಸ್ಥಳವು ಬರಿದಾಗಿಯೇ ಉಳಿಯುವುದು.

ಆದುದರಿಂದ ನಮ್ಮದೊಂದು ಸೂಚನೆಯುಂಟು. ಬರುವ ವರ್ಷ ನಮ್ಮ ಶಾಲೆಯು ಒಂದೇ ಒಂದು ನಿಮಿಷದ ಚಿತ್ರವನ್ನು ತಾನೇ ನಿರ್ಮಿಸಲಿ. ಇದು ಆಕಾಶಕ್ಕೆ ಏಣಿ ಹಾಕುವ ಮಾತೆಂದು ಯಾರೂ ನಗಬಾರದು. ಲೆಕ್ಕವನ್ನು ನೋಡಿರಿ. ಸೆಕೆಂಡಿಗೆ 24ರಂತೆ ಒಂದು ನಿಮಿಷಕ್ಕೆ 1,440 ಚಿತ್ರಗಳು. ಒಂದೊಂದು ಚಿತ್ರವನ್ನು ಎರಡೆರಡು ಸಲ ತೋರಿಸುವುದು ಆ ಕಸುಬಿನಲ್ಲಿ ವಾಡಿಕೆಯೇ. ಆಗ 720 ಸಾಕು. ಒಬ್ಬೊಬ್ಬರು ಆರು ಚಿತ್ರಗಳನ್ನು ಬರೆದರೆ 120 ಮಕ್ಕಳಿಂದ ಕೆಲಸ ಪೂರೈಸುತ್ತದೆ. ಗೀರುಗಳು ಒಬ್ಬರದು ಒಬ್ಬರಂತೆ ಇರುವುದಿಲ್ಲವೆಂಬ ಚಿಂತೆ ಬೇಡ. ನಡುಗುವ ಗೀರಿನ ಗುಣವನ್ನು ನಾವು ಮೇಲೆಯೇ ಹೇಳಿದ್ದೇವೆ. ಚಿತ್ರಗಳನ್ನು ಹಿಡಿದು ಸಾಲಾಗಿ ಜೋಡಿಸಲು ಈಗ ಒಂದು ಮೊಬೈಲ್ ಸಾಕು. ಶಾಲೆಯಲ್ಲಿ ಒಂದು ಹಾರ್ಮೋನಿಯಂ, ಒಂದು ಜೊತೆ ತಬಲ, ಎರಡು ಕೊಳಲುಗಳಿವೆ. ಇಬ್ಬರು ಹುಡುಗಿಯರು ಪಿಟೀಲು ಕಲಿಯುತ್ತಿದ್ದಾರೆ. 'ಪೀಟರ್ ಮತ್ತು ತೋಳ'ದಂತೆ ಪಾತ್ರಕ್ಕೊಂದು ವಾದ್ಯವನ್ನು ಹಂಚಿಕೊಂಡರೆ ಇಷ್ಟೇ ನಮ್ಮ ವಾದ್ಯವೃಂದ.

ವಿಷಯ ಯಾವುದೆಂಬುದನ್ನು ತಮ್ಮಂದಿರೂ ತಂಗಿಯರೂ ನಿರ್ಧರಿಸಲಿ. ಅದಕ್ಕೆ ಮೊದಲು ಮಾಡತಕ್ಕ ಒಂದು ಕೆಲಸವಿದೆ. ಈ ಸಲ ರಜೆಯಲ್ಲಿ ಊರಿಗೆ ಹೋದಾಗ, ಇಲ್ಲವೇ ಇಲ್ಲಿಯೇ ಚಾಳಿನ ಕೋಣೆಯಲ್ಲಿರುವ ಅಜ್ಜಿಯ ಬಳಿಯಲ್ಲಿ, ಒಂದು ಹಾಡನ್ನು ಪೂರ್ತಿಯಾಗಿ ಹಾಡಿಸಿರಿ. ಮಾತುಗಳನ್ನು ಅವರ ಬಾಯಲ್ಲಿ ಬಂದಂತೆಯೇ ಬರೆದುಕೊಳ್ಳಿರಿ, ತಿದ್ದಬೇಡಿರಿ. ಹಾಡುವಾಗ ಅವರ ಕೈ ಏನು ಮಾಡುತ್ತಿತ್ತೆಂಬುದನ್ನು ನೋಡಿ ಒಂದು ಚಿತ್ರ ಬರೆಯಿರಿ. ಅಕ್ಕಿ ಆರಿಸುತ್ತಿತ್ತೇ, ಬತ್ತಿ ಹೊಸೆಯುತ್ತಿತ್ತೇ, ಮೊಮ್ಮಗುವಿನ ಬೆನ್ನು ತಟ್ಟುತ್ತಿತ್ತೇ? ಆ ಚಿತ್ರವೇ ಮೊದಲನೆಯದಾಗಲಿ.

ಈ ಮಾರ್ಚಿಯಲ್ಲಿ ಪರೀಕ್ಷೆ ಮುಗಿಸಿ ಶಾಲೆಯನ್ನು ಬಿಡಲಿರುವ ನಾವು ಆ ಚಿತ್ರದಲ್ಲಿ ಭಾಗವಹಿಸಲಾರೆವು. ಆದರೆ ನಮ್ಮ ಗೆಳೆಯನು ತನಗೆ ನೆನಪಿರುವ ರಾಗದ ತುಣುಕನ್ನು ಕೊಳಲಿನಲ್ಲಿ ನುಡಿಸಿ, ಸಂಗೀತದ ಅಧ್ಯಾಪಿಕೆಯವರಿಗೆ ಒಪ್ಪಿಸಿದ್ದಾನೆ. ಊರಿನ ಕಡೆಯ ಯಾರಿಗಾದರೂ ಅದರ ಮಾತುಗಳು ತಿಳಿದಿದ್ದರೆ ಬರೆದು ಕೊಡಬೇಕೆಂದು ಅವನ ಬೇಡಿಕೆ. "ಅವನು ಎಲ್ಲಿಗೆ ಹೋದ?" ಎಂದು ಅಂದು ಕೇಳಿದ ತಂಗಿಯು ಬರುವ ವರ್ಷ ಎರಡನೆಯ ಇಯತ್ತೆಗೆ ಹೋಗಲಿದ್ದಾಳೆ. ಅವಳಿಗೆ ಕೊಡಲು ನಮ್ಮಲ್ಲಿ ಇನ್ನೂ ಬೇರೆ ಉತ್ತರವಿಲ್ಲ. ಆರು ಚಿತ್ರಗಳನ್ನು ಬರೆಯಲು ಅವಳಿಗೆ ಆರು ಹಾಳೆಗಳನ್ನು ಕೊಟ್ಟಿದ್ದೇವೆ. ಅವಳು ಬರೆಯುತ್ತಾಳೆಂಬ ನಂಬಿಕೆ ನಮಗಿದೆ.